ಅರಿತೋ ಅರಿಯದೆಯೋ

ಆಲೂರು ತಾಲ್ಲೂಕಿನ ಒಂದು ಹೋಬಳಿಗೆ ತನ್ನ ಹೆಸರನ್ನೇ ಕೊಟ್ಟಿರುವ ಕೆಂಚಮ್ಮನ ಗುಡಿಯಲ್ಲಿ, ಹಣ್ಣುಕಾಯಿಯ ತಟ್ಟೆಯನ್ನು ಎದೆಯ ಮಟ್ಟಕ್ಕೆ ಹಿಡಿದು ನಿಲ್ಲುವ ನಮ್ಮ ಸೀಮೆಯ ಒಕ್ಕಲಿನವನಿಗೆ ಸಂಸ್ಕೃತದ ಸ್ತೋತ್ರಗಳು ಬಾರವು. ಅವನು ಹೇಳಿಕೊಳ್ಳುವುದು ಒಂದೇ ಮಾತು: ‘ಗೊತ್ತಿದ್ದೋ ಗೊತ್ತಿಲ್ದೆನೋ ಏನಾರ ತಪ್ಪು ನಡೆದಿದ್ರೆ ಹೊಟ್ಟೆಗೆ ಹಾಕ್ಕೋ ತಾಯಿ.’ ಬಾಲ್ಯದಿಂದ ಇದನ್ನು ಕೇಳಿ ಕೇಳಿ, ಕಾಗದದ ತಲೆಯ ಮೇಲೆ ‘ಕ್ಷೇಮ’ವೆಂದು ಬರೆಯುವಂತೆ ಇದೂ ಒಂದು ರೂಢಿಯ ಉಪಚಾರವೆಂದೇ ನಾನು ಬಗೆದಿದ್ದೆನು. ಆ ಮಾತಿನೊಳಗೆ ಧರ್ಮಜಿಜ್ಞಾಸೆಯ ಅತ್ಯಂತ ಕಠಿನವಾದ ಪ್ರಶ್ನೆಯೊಂದು ಅಡಗಿದೆಯೆಂಬುದೂ, ದೇವರ ಸುದ್ದಿಯನ್ನೇ ಎತ್ತದ ಒಂದು ವೈದ್ಯಪದ್ಧತಿಯು ಕಳೆದ ಶತಮಾನದಲ್ಲಿ ಆ ಪ್ರಶ್ನೆಯನ್ನು ತನ್ನದಾಗಿ ಮಾಡಿಕೊಂಡಿತೆಂಬುದೂ ನನಗೆ ಹೊಳೆದದ್ದು ನಡುವಯಸ್ಸು ದಾಟಿದ ಮೇಲೆ, ನನ್ನ ಅಕ್ಕನ ಗಂಡನ ಬಲಗೈ ಏಳದೆ ಹೋದ ಸಂದರ್ಭದಲ್ಲಿ.

ತಿಳಿದು ಮಾಡಿದ ತಪ್ಪಿಗೆ ಮನುಷ್ಯನು ಹೊಣೆಯೆಂಬುದರಲ್ಲಿ ವಿವಾದವಿಲ್ಲ. ತಿಳಿಯದೆ ಮಾಡಿದ್ದಕ್ಕೂ ಅವನು ಕ್ಷಮೆಯನ್ನು ಬೇಡುವುದೇಕೆ? ನಮ್ಮ ಪ್ರಾಚೀನರು ಇದನ್ನು ಯೋಚಿಸದೆ ಬಿಟ್ಟವರಲ್ಲ. ಮನುಸ್ಮೃತಿಯ ಹನ್ನೊಂದನೆಯ ಅಧ್ಯಾಯವು ಇಚ್ಛೆಯಿಲ್ಲದೆ ನಡೆದ ಪಾಪಕ್ಕೆ ವೇದಾಭ್ಯಾಸವನ್ನೂ, ಇಚ್ಛಾಪೂರ್ವಕವಾಗಿ ಎಸಗಿದ್ದಕ್ಕೆ ಬಗೆಬಗೆಯ ಪ್ರಾಯಶ್ಚಿತ್ತಗಳನ್ನೂ ವಿಧಿಸಿ, ಎರಡನ್ನೂ ಬೇರೆ ಬೇರೆ ಗಂಟು ಕಟ್ಟಿ ಇಟ್ಟಿದೆ. ಆದರೆ ಈ ಎರಡು ಗಂಟುಗಳಲ್ಲಿ ಯಾವುದಕ್ಕೂ ಸೇರದೆ, ತಿಳಿದೂ ತಿಳಿಯದಂತೆ, ಮನೆಯೊಳಗೇ ಇದ್ದು ಮನೆಯ ಯಜಮಾನನಿಗೇ ಕಾಣದಂತೆ ಉಳಿದಿರುವ ತಪ್ಪೊಂದು ಉಂಟಷ್ಟೆ. ಅದರ ವಿಷಯವಾಗಿ ಈ ಬರಹ.

ಭಾವನವರ ಕಥೆಗೆ ಕೈಯಿಕ್ಕುವ ಮುನ್ನ, ಊರು ಮನೆ ಕಾಲಗಳ ಗುರುತನ್ನು ಬೇಕೆಂದೇ ಮಸುಕುಗೊಳಿಸಿದ್ದೇನೆಂದು ಹೇಳಿಬಿಡುವುದು ಉಚಿತ. ಸಕಲೇಶಪುರ ಆಲೂರುಗಳ ಗುಡ್ಡಸೀಮೆಯಲ್ಲಿ ಒಂದು ಮನೆಯಿಂದ ಇನ್ನೊಂದು ಮನೆಗೆ ಮೈಲಿ ದೂರ ನಡೆಯಬೇಕಾದರೂ ಸುದ್ದಿಯು ಮಾತ್ರ ನಡೆಯುವವನಿಗಿಂತ ಮೊದಲೇ ಹೋಗಿ ಜಗುಲಿಯಲ್ಲಿ ಕುಳಿತಿರುತ್ತದೆ. ಆರಿದ್ರೆಯಿಂದ ಹಿಡಿದು ಮೂರು ತಿಂಗಳು ಬಿಡದೆ ಹೊಯ್ಯುವ ಮಳೆಯಲ್ಲಿ, ಒಂದೇ ಸೂರಿನಡಿ, ಒಂದೇ ಒಲೆಯ ಸುತ್ತ, ಒಬ್ಬ ತಂದೆಯ ಮಾತಿಗೆ ಕಟ್ಟುಬಿದ್ದು ಬಾಳುವ ಬೆಳೆದ ಗಂಡುಮಕ್ಕಳ ನಡುವೆ ಎಂತಹ ಪ್ರೀತಿಯೂ ಎಂತಹ ಕಹಿಯೂ ಒಟ್ಟೊಟ್ಟಿಗೆ ಕಾವು ಕೂರುವುವೆಂಬುದನ್ನು ಆ ಮನೆಗಳಲ್ಲಿ ಹುಟ್ಟಿದವರಿಗೆ ನಾನು ವಿವರಿಸಬೇಕಾಗಿಲ್ಲ.

ಮಹಾಲಯ ಅಮಾವಾಸ್ಯೆಯ ಸಂಜೆ. ನಡುಮನೆಯ ಗೋಡೆಯ ಬದಿಗೆ ಎರಡು ಬಾಳೆಯೆಲೆ ಹಾಸಿತ್ತು. ಅವುಗಳ ಮುಂದೆ ಮಡಿಸಿದ ಹೊಸ ಪಂಚೆ, ಸೀರೆ, ದೀಪ. ಭಾವನವರ ತಂದೆ ಹೋಗಿ ವರ್ಷ ತುಂಬಿದ ಮೇಲೆ ಮೊದಲ ಬಾರಿ ಹಿರಿಯರ ಸಾಲಿನಲ್ಲಿ ಅವರಿಗೂ ಎಡೆ. ಅವರಿಗೆ ಇಷ್ಟವಾಗಿದ್ದ ಬೀಡಿಯ ಕಟ್ಟನ್ನೂ ಬೆಂಕಿಪೊಟ್ಟಣವನ್ನೂ ಎಲೆಯ ಬಲತುದಿಗೆ ಇಟ್ಟಾಗಿತ್ತು. ಕಡುಬು ಬಡಿಸಿಯಾಯಿತು. ಕೋಳಿಸಾರಿನ ಪಾತ್ರೆಗೆ ಸೌಟನ್ನು ಇಳಿಸಿದ ಭಾವನವರ ಬಲಗೈ, ಪಾತ್ರೆಯ ಕಂಠದವರೆಗೆ ಬಂದು ಅಲ್ಲಿಯೇ ನಿಂತಿತು. ಮೊದಲು ಬಿಸಿ ತಾಗಿತೆಂದು ಎಲ್ಲರೂ ತಿಳಿದರು. ಅವರು ಎಡಗೈಯಿಂದ ಬಲಗೈಯ ಮಣಿಕಟ್ಟನ್ನು ಹಿಡಿದು ಎತ್ತಲು ನೋಡಿದರು. ಸೌಟು ಒಳಗೆ ಜಾರಿತು, ಸಾರು ಎಲೆಯ ಮೇಲೆಯೂ ಪಂಚೆಯ ಮೇಲೆಯೂ ಸಿಡಿಯಿತು. ಕೊನೆಗೆ ತಮ್ಮ ಬಂದು ಬಡಿಸಿದ. ಹಿರಿಯರು ಉಣ್ಣಲೆಂದು ಬಾಗಿಲನ್ನು ಮುಚ್ಚಿ ಎಲ್ಲರೂ ಹೊರಗೆ ಬಂದು ನಿಂತಾಗ, ಭಾವನವರ ಕೈ ತೊಡೆಯ ಪಕ್ಕದಲ್ಲಿ ಒದ್ದೆ ಬಟ್ಟೆಯಂತೆ ಜೋತು ಬಿದ್ದಿತ್ತೆಂದು ಅಕ್ಕ ಹೇಳಿದಳು.

ತಾಲ್ಲೂಕಿನ ವೈದ್ಯರು ಪಾರ್ಶ್ವವಾಯುವಿನ ಶಂಕೆಯಿಂದ ನರತಜ್ಞರಲ್ಲಿಗೆ ಕಳುಹಿಸಿದರು. ಸ್ಕ್ಯಾನು, ರಕ್ತಪರೀಕ್ಷೆ, ನರಗಳ ಪರೀಕ್ಷೆ ಎಲ್ಲ ನಡೆದು, ‘ಏನೂ ಇಲ್ಲ’ವೆಂಬ ತೀರ್ಪು ಬಂದಿತು. ಏಳದ ಕೈಯುಳ್ಳವನ ಮುಂದೆ ಆಡಬಹುದಾದ ಮಾತುಗಳಲ್ಲಿ ಇಷ್ಟು ನಿರ್ದಯವಾದದ್ದು ಇನ್ನೊಂದಿಲ್ಲ. ಏಕೆಂದರೆ ಅದು ಸುಳ್ಳಾಡುತ್ತಿದ್ದೀಯೆ ಎಂದು ಹೇಳದೆ ಹೇಳುವ ಮಾತು. ಆಮೇಲೆ ನಡೆದದ್ದು ನಮ್ಮ ಕಡೆ ಎಲ್ಲರ ಮನೆಯಲ್ಲಿಯೂ ನಡೆಯುವಂಥದು. ಮನೆದೇವರಲ್ಲಿ ಹೂ ಕೇಳಿದರು, ಬಲಗಡೆಗೆ ಆಯಿತು. ಬಿಸಿಲೆ ಘಾಟಿಯನ್ನು ಇಳಿದು ಕುಕ್ಕೆಗೆ ಹೋಗಿ ಆಶ್ಲೇಷಾಬಲಿ ಮಾಡಿಸಿಕೊಂಡು ಬಂದರು. ಕೊನೆಗೆ ದೇವರು ಮೈದುಂಬುವ ಒಬ್ಬ ಮುದುಕನ ಬಳಿಗೆ ಕರೆದೊಯ್ದರು. ಅವನು ನಡುಗುತ್ತ, ‘ಹಿರೇರ ಸಿಟ್ಟು ಐತೆ, ತಪ್ಪು ಕಾಣಿಕೆ ಕಟ್ಟು’ ಎಂದನು. ಕಟ್ಟಿದರು. ಮೂರು ವಾರ ಕೈ ಸರಿಯಾಗಿತ್ತು, ಮತ್ತೆ ಬಿದ್ದಿತು.

ಇಲ್ಲಿ ಒಂದನ್ನು ನಿಷ್ಪಕ್ಷಪಾತವಾಗಿ ಹೇಳಬೇಕು. ಯಂತ್ರಗಳೂ ತಜ್ಞರೂ ‘ಏನೂ ಇಲ್ಲ’ವೆಂದ ಕಡೆ, ಅಕ್ಷರ ಬಾರದ ಆ ಮುದುಕನು ‘ಉಂಟು’ ಎಂದನು. ಉಂಟೆಂದದ್ದು ಮಾತ್ರವಲ್ಲ, ಎಲ್ಲಿ ಉಂಟೆಂದು ಬೆರಳು ಮಾಡಿಯೂ ತೋರಿಸಿದನು. ಮುಂದೆ ಎಂಟು ತಿಂಗಳ ಪ್ರಯಾಸದಿಂದ ವಿದ್ಯಾವಂತ ವೈದ್ಯರೊಬ್ಬರು ತಲುಪಿದ ಜಾಗಕ್ಕೆ ಅವನು ಅರೆಗಳಿಗೆಯಲ್ಲಿ ಹೋಗಿ ಮುಟ್ಟಿದ್ದನು. ಅವನು ಕೇಳದೆ ಬಿಟ್ಟದ್ದು ಒಂದೇ: ಯಾವ ತಪ್ಪು?

ಆ ಪ್ರಶ್ನೆಯನ್ನು ಕೇಳುವ ವಿದ್ಯೆಯ ಚರಿತ್ರೆಯನ್ನು ಬಹಳವಾಗಿ ಬೆಳೆಸುವುದಿಲ್ಲ. ವಿಯೆನ್ನಾ ನಗರದಲ್ಲಿ ಬ್ರಾಯರ್ ಮತ್ತು ಫ್ರಾಯ್ಡ್ ಎಂಬ ಇಬ್ಬರು ವೈದ್ಯರು 1895ರಲ್ಲಿ ಹಿಸ್ಟೀರಿಯಾ ರೋಗವನ್ನು ಕುರಿತ ತಮ್ಮ ಅಧ್ಯಯನಗಳನ್ನು ಪ್ರಕಟಿಸಿ, ನರಗಳಲ್ಲಿ ದೋಷವಿಲ್ಲದೆ ಸೋತುಹೋದ ಅಂಗಗಳ ಹಿಂದೆ ಹೇಳಲಾಗದ ಮಾತೊಂದು ಸಿಕ್ಕಿಕೊಂಡಿರುತ್ತದೆಯೆಂದು ತೋರಿಸಿದರು. ಫ್ರಾಯ್ಡನು ಕಟ್ಟಿದ ಮನೋವಿಶ್ಲೇಷಣೆಯಿಂದ ಕವಲೊಡೆದು, ವಾರಕ್ಕೆ ಐದಾರು ದಿನ ಮಂಚದ ಮೇಲೆ ಮಲಗಿಸುವ ಕಟ್ಟುನಿಟ್ಟನ್ನು ಸಡಿಲಿಸಿಕೊಂಡು, ಇಂದು ಚಿಕಿತ್ಸಾಲಯಗಳಲ್ಲಿ ನಡೆಯುತ್ತಿರುವ ಪದ್ಧತಿಗೆ ಸೈಕೋಡೈನಮಿಕ್ ಚಿಕಿತ್ಸೆಯೆಂದು ಹೆಸರು: ಮನಸ್ಸು ನಿಂತ ನೀರಲ್ಲ, ಒಂದನ್ನೊಂದು ನೂಕುವ, ತಡೆಯುವ, ಮರೆಸುವ ಶಕ್ತಿಗಳ ಹರಿವು ಎಂಬುದು ಅದರ ಮೂಲಪ್ರತಿಜ್ಞೆ. ಇದು ನಮ್ಮ ದೇಶಕ್ಕೆ ತಡವಾಗಿಯೂ ಬರಲಿಲ್ಲ, ಯಾಚಕನಂತೆಯೂ ಬರಲಿಲ್ಲ. ಕಲ್ಕತ್ತೆಯ ಗಿರೀಂದ್ರಶೇಖರ ಬೋಸರು ಫ್ರಾಯ್ಡನೊಡನೆ ಪತ್ರವ್ಯವಹಾರವನ್ನು ನಡೆಸುತ್ತ, ಎಷ್ಟೋ ವಿಷಯಗಳಲ್ಲಿ ಅವನನ್ನು ಒಪ್ಪದೆಯೇ, 1922ರಲ್ಲಿ ಭಾರತೀಯ ಮನೋವಿಶ್ಲೇಷಣ ಸಂಘವನ್ನು ಸ್ಥಾಪಿಸಿದರು. ಗೀತೆಗೂ ಯೋಗಸೂತ್ರಕ್ಕೂ ವ್ಯಾಖ್ಯಾನ ಬರೆದ ವೈದ್ಯರವರು. ಆ ಸಂಘವು ಫ್ರಾಯ್ಡನ ಎಪ್ಪತ್ತೈದನೆಯ ಹುಟ್ಟುಹಬ್ಬಕ್ಕೆ, 1931ರಲ್ಲಿ, ದಂತದ ಒಂದು ವಿಷ್ಣುವಿಗ್ರಹವನ್ನು ಕಳುಹಿಸಿತು. ದೇವರೆಂಬುದು ಭ್ರಮೆಯೆಂದು 1927ರಲ್ಲಿ ಪುಸ್ತಕ ಬರೆದವನ ಮೇಜಿನ ಮೇಲೆ ನಾಲ್ಕೇ ವರ್ಷಗಳಲ್ಲಿ ನಮ್ಮ ವಿಷ್ಣುವು ಹೋಗಿ ಕುಳಿತದ್ದನ್ನು ನೆನೆದಾಗಲೆಲ್ಲ ನನಗೆ ನಗು ಬರುತ್ತದೆ.

ಕನ್ನಡದ ನಗೆಯ ಮಾತು ಬಂದಾಗ ‘ರಾಶಿ’ಯವರನ್ನು ನೆನೆಯದಿರಲಾಗದು. ‘ಕೊರವಂಜಿ’ಯನ್ನು ನಡೆಸಿ ನಾಡನ್ನು ನಗಿಸಿದ ವೈದ್ಯ ಡಾ. ಎಂ. ಶಿವರಾಂ ಅವರಿಗೆ 1976ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದದ್ದು ಹಾಸ್ಯಕ್ಕಲ್ಲ; ಮನೋರೋಗಗಳನ್ನು ಕುರಿತು ಬರೆದ ‘ಮನಮಂಥನ’ಕ್ಕೆ. ನಗಿಸುವವನೇ ಅಳುವಿನ ಬೇರನ್ನು ಕೆದಕಿದನೆಂಬುದರಲ್ಲಿ ಆಶ್ಚರ್ಯಪಡತಕ್ಕದ್ದೇನೂ ಇಲ್ಲ.

ಭಾವನವರನ್ನು ನೋಡಿದವರು ಹಾಸನದಲ್ಲಿದ್ದ ಒಬ್ಬ ಮನೋವೈದ್ಯರು. ಅವರು ಮೊದಲ ಭೇಟಿಯಲ್ಲಿ ಮಾಡಿದ ಕೆಲಸವೆಂದರೆ ನರತಜ್ಞರ ಕಾಗದಗಳನ್ನೆಲ್ಲ ಮತ್ತೆ ಓದಿ, ಕೈಯ ಬಲವನ್ನು ತಾವೇ ಇನ್ನೊಮ್ಮೆ ಪರೀಕ್ಷಿಸಿದ್ದು. ನರದ ಕಾಯಿಲೆಯನ್ನು ಮನಸ್ಸಿನದೆಂದು ತಿಳಿದು ಮಾತಿನಲ್ಲಿ ಕಾಲ ಕಳೆಯುವ ಪ್ರಮಾದವು ಈ ವಿದ್ಯೆಯಲ್ಲಿ ಪ್ರಾಣಕ್ಕೇ ಕುತ್ತು ತರುವಂಥದು. ಆಮೇಲೆ ಅವರು ಹಾಕಿದ ಕಟ್ಟಳೆ ಸರಳವಾಗಿತ್ತು. ಪ್ರತಿ ಗುರುವಾರ ಹನ್ನೊಂದು ಗಂಟೆಗೆ, ಐವತ್ತು ನಿಮಿಷ, ಅದೇ ಕೋಣೆ, ಅದೇ ಕುರ್ಚಿ. ಮನಸ್ಸಿಗೆ ಬಂದದ್ದನ್ನು, ಕ್ಷುಲ್ಲಕವಾಗಿರಲಿ, ನಾಚಿಕೆಯದಾಗಿರಲಿ, ಆರಿಸದೆ ಸೋಸದೆ ಹೇಳುವುದು ಇವರ ಪಾಲಿನ ಕೆಲಸ; ಕೇಳುವುದು ಅವರ ಪಾಲಿನದು. ನಾಲ್ಕನೆಯ ವಾರ ಭಾವನವರು ನನ್ನೊಡನೆ ಸಿಡಿಮಿಡಿಗೊಂಡರು: ‘ಆ ಮನುಷ್ಯ ಬಾಯೇ ಬಿಡಲ್ಲ ಕಣೋ. ದುಡ್ಡೂ ನಾನು ಕೊಟ್ಟು ಮಾತೂ ನಾನೇ ಆಡಿ ಬರಬೇಕು. ತೋಟದ ರೈಟರಿಗೆ ಹೇಳಿದ್ದರೆ ಪುಕ್ಕಟೆ ಕೇಳುತ್ತಿದ್ದ.’

ಈ ಸಿಡಿಮಿಡಿಯು ಭಾವನವರೊಬ್ಬರದಲ್ಲ. ಬೆಂಗಳೂರಿನ ಹಳೆಯ ಮಾನಸಿಕ ಆಸ್ಪತ್ರೆಯ ಆವರಣದಲ್ಲಿ 1954ರಲ್ಲಿ ಆರಂಭವಾಗಿ, 1974ರಲ್ಲಿ ನಿಮ್ಹಾನ್ಸ್ ಎಂದು ಮರುಹುಟ್ಟು ಪಡೆದ ಸಂಸ್ಥೆಯಲ್ಲಿ ಕೆಲಸ ಮಾಡುತ್ತಿದ್ದ ಎನ್. ಸಿ. ಸೂರ್ಯ ಮತ್ತು ಎಸ್. ಎಸ್. ಜಯರಾಮ್ ಅವರು 1964ರಷ್ಟು ಹಿಂದೆಯೇ ಇದನ್ನು ಕುರಿತು ಒಂದು ಲೇಖನವನ್ನು ಬರೆದರು. ಅವರು ಕಂಡುಕೊಂಡದ್ದರ ಸಾರಾಂಶವೆಂದರೆ, ನಮ್ಮ ರೋಗಿಯು ತನ್ನ ಒಳಗಿನ ಕಾರಣಗಳನ್ನು ಹುಡುಕುವುದಕ್ಕಿಂತ ಎದುರಿಗೆ ಕುಳಿತವನ ಆಸರೆಯನ್ನೇ ಹೆಚ್ಚಾಗಿ ಬಯಸುತ್ತಾನೆ. ವೈದ್ಯನನ್ನು ಕೂಡುಕುಟುಂಬದ ಹಿರಿಯನ ಸ್ಥಾನದಲ್ಲಿ ಕೂರಿಸಿ, ಸಲಹೆಯನ್ನೂ ಗದರಿಕೆಯನ್ನೂ ಅಭಯವನ್ನೂ ನಿರೀಕ್ಷಿಸುತ್ತಾನೆ. ಇಂಗ್ಲಿಷಿನಲ್ಲಿ ಕಲಿತ ವೈದ್ಯನೋ, ರೋಗಿಯ ಭಾಷೆಯಲ್ಲಿ ಅವನ ಸಂಕಟವನ್ನು ಹಿಡಿಯಲಾರದೆ ತೊಡರುತ್ತಾನೆ. ಒಂಬತ್ತು ವರ್ಷಗಳ ತರುವಾಯ ಮನೋವೈದ್ಯರಾದ ಜೆ. ಎಸ್. ನೇಕಿಯವರು ಗುರುಶಿಷ್ಯ ಸಂಬಂಧವನ್ನೇ ಚಿಕಿತ್ಸೆಯ ಮಾದರಿಯಾಗಿ ಏಕೆ ಇಟ್ಟುಕೊಳ್ಳಬಾರದೆಂದು ಕೇಳಿದರು. ಸೂರ್ಯ ಅವರಂತೂ ಕಡೆಗೆ ಪುದುಚೇರಿಯ ಅರವಿಂದಾಶ್ರಮವನ್ನೇ ಸೇರಿದರು. ಹಾಸನದ ವೈದ್ಯರು ಈ ಲೇಖನಗಳನ್ನು ಓದಿದ್ದರೋ ಇಲ್ಲವೋ. ಆದರೆ ಭಾವನವರು ತೋಟದ ಕಿತ್ತಳೆಯನ್ನು ಒಂದು ಚೀಲ ಒಯ್ದಾಗ ಅವರು ಸುಮ್ಮನೆ ತೆಗೆದುಕೊಂಡರು. ವಿಯೆನ್ನಾದವನಾಗಿದ್ದರೆ ಕಿತ್ತಳೆಯ ಅರ್ಥವೇನೆಂದು ಕೇಳುತ್ತಿದ್ದನೋ ಏನೋ.

ಎಂಟನೆಯ ತಿಂಗಳಿನಲ್ಲಿ ಒಂದು ಗುರುವಾರ, ಹೇಳಲು ಏನೂ ತೋಚದೆ, ಭಾವನವರು ಲೈನ್ ಮನೆಯಲ್ಲಿ ಹಿಂದಿನ ರಾತ್ರಿ ನಡೆದ ಜಗಳವೊಂದನ್ನು ಹೇಳುತ್ತಿದ್ದರಂತೆ. ಆಳೊಬ್ಬ ಕುಡಿದು ಬಂದು ಮನೆಯವರನ್ನೆಲ್ಲ ಬಯ್ದ. ‘ಕೊನೆಗೆ ಮಗನ ಮೇಲೆ ಕೈ ಎತ್ತಿದ’ ಎಂಬಲ್ಲಿಗೆ ಬಂದಾಗ ಮಾತು ನಿಂತಿತು. ಅವರ ಎಡಗೈ, ಅಮಾವಾಸ್ಯೆಯ ಸಂಜೆ ಮಾಡಿದಂತೆಯೇ, ತಾನಾಗಿ ಹೋಗಿ ಬಲಗೈಯ ಮಣಿಕಟ್ಟನ್ನು ಹಿಡಿದಿತ್ತು. ವೈದ್ಯರು ಸ್ವಲ್ಪ ಹೊತ್ತು ನೋಡಿ, ‘ಯಾರು, ಯಾರ ಮೇಲೆ?’ ಎಂದರು. ಅಷ್ಟೇ.

ತಂದೆಯು ಕಣಿವೆಯ ಗದ್ದೆಯನ್ನೂ ಹಳೆಯ ಅರೇಬಿಕಾ ಪಟ್ಟೆಯನ್ನೂ ಕಿರಿಯವನ ಪಾಲಿಗೆ ಬರೆಯುವೆನೆಂದ ರಾತ್ರಿ, ಭಾವನವರು ಜಗುಲಿಯ ಮೇಲೆ ಅವರಿಗೆ ಹೊಡೆಯಲು ಕೈ ಎತ್ತಿದ್ದರು. ಹೊಡೆಯಲಿಲ್ಲ, ತಾಯಿ ನಡುವೆ ಬಂದು ಮಣಿಕಟ್ಟನ್ನು ಹಿಡಿದುಕೊಂಡರು. ಆಮೇಲೆ ಅದರ ಸುದ್ದಿಯನ್ನು ಯಾರೂ ಎತ್ತಲಿಲ್ಲ. ಮೂರು ತಿಂಗಳಿಗೆ, ಇವರು ಕಾಫಿ ಕ್ಯೂರಿಂಗಿನ ಕೆಲಸಕ್ಕೆಂದು ಹಾಸನಕ್ಕೆ ಹೋಗಿದ್ದ ದಿನ, ತಂದೆಗೆ ಎದೆನೋವು ಬಂದು ತೀರಿಹೋದರು. ‘ಅಪ್ಪನ ಮೇಲೆ ಕೈ ಎತ್ತಿದವ’ ಎಂಬುದಕ್ಕಿಂತ ಹೀನವಾದ ಬಯ್ಗುಳ ನಮ್ಮ ಕಡೆ ಇಲ್ಲ; ಅಂತಹವನ ಕೈ ಬಿದ್ದುಹೋಗಲೆಂದೇ ಶಾಪ ಹಾಕುತ್ತಾರೆ. ಕೈ ಬಿದ್ದುಹೋಯಿತು. ರೋಗವು ಕನ್ನಡದ ನುಡಿಗಟ್ಟನ್ನು ಅಕ್ಷರಶಃ ಪಾಲಿಸಿತ್ತು. ಕನ್ನಡವನ್ನು ಅರಿಯದ ವೈದ್ಯನು, ಎಂತಹ ಮೇಧಾವಿಯಾಗಿರಲಿ, ಆ ಕೋಣೆಯಲ್ಲಿ ಇದನ್ನು ಕೇಳಿಸಿಕೊಳ್ಳುತ್ತಿದ್ದನೆಂದು ನಾನು ನಂಬಲಾರೆ. ಔಷಧಿಗೆ ಭಾಷೆಯಿಲ್ಲ, ಈ ಚಿಕಿತ್ಸೆಗೆ ಭಾಷೆಯ ಹೊರತು ಬೇರೊಂದು ಉಪಕರಣವಿಲ್ಲ.

ಇಲ್ಲಿ ಓದುಗರು ಒಂದು ಸೂಕ್ಷ್ಮವನ್ನು ಗಮನಿಸಬೇಕೆಂದು ಬೇಡುತ್ತೇನೆ. ಭಾವನವರು ಆ ರಾತ್ರಿಯನ್ನು ಮರೆತಿರಲಿಲ್ಲ. ಸಿನಿಮಾಗಳಲ್ಲಿ ತೋರಿಸುವಂತೆ ಪರದೆ ಹರಿದು ಮರೆತದ್ದೊಂದು ಫಕ್ಕನೆ ನೆನಪಾಗಲಿಲ್ಲ. ‘ಅದು ಗೊತ್ತೇ ಇತ್ತು ಕಣೋ, ಅದಕ್ಕೂ ಈ ಕೈಗೂ ಏನು ಸಂಬಂಧ ಅಂತ ಮಾತ್ರ ಗೊತ್ತಿರಲಿಲ್ಲ’ ಎಂದು ಅವರೇ ನನಗೆ ಹೇಳಿದರು. ನೆನಪು ಒಂದು ಕೋಣೆಯಲ್ಲಿತ್ತು, ನೋವು ಇನ್ನೊಂದರಲ್ಲಿತ್ತು, ನಡುವಣ ಬಾಗಿಲಿಗೆ ಅಗುಳಿ ಬಿದ್ದಿತ್ತು. ಪತಂಜಲಿಯು ಕ್ಲೇಶಗಳಿಗೆ ನಾಲ್ಕು ಅವಸ್ಥೆಗಳನ್ನು ಹೇಳುತ್ತಾನೆ: ನಿದ್ರಿಸುತ್ತಿರುವುದು, ತೆಳ್ಳಗಾಗಿರುವುದು, ಕಡಿದುಹೋಗಿರುವುದು, ಹರಿಯುತ್ತಿರುವುದು. ಫ್ರಾಯ್ಡನ ಸುಪ್ತಮನಸ್ಸು ನಮ್ಮವರಿಗೆ ಮೊದಲೇ ತಿಳಿದಿತ್ತೆಂದು ಹೆಮ್ಮೆಪಡುವವರು ಮೊದಲನೆಯದಾದ ‘ಪ್ರಸುಪ್ತ’ವನ್ನೇ ಎತ್ತಿ ಹಿಡಿಯುವುದುಂಟು, ನನಗಾದರೋ ಮೂರನೆಯದಾದ ‘ವಿಚ್ಛಿನ್ನ’ವೇ ಹೆಚ್ಚು ಅರ್ಥಗರ್ಭಿತವಾಗಿ ತೋರುತ್ತದೆ. ರಾಗವು ಎದುರಿಗಿರುವಾಗ ಕ್ರೋಧವು ಕಾಣಿಸದು, ಆದರೆ ಇಲ್ಲದೆಯೂ ಹೋಗಿರದು ಎಂದು ಭಾಷ್ಯಕಾರನಾದ ವ್ಯಾಸನು ಅದನ್ನು ವಿವರಿಸುತ್ತಾನೆ. ತಂದೆಯ ಮೇಲಣ ಪ್ರೀತಿ ಸುಳ್ಳಾಗಿರಲಿಲ್ಲ. ಆ ಪ್ರೀತಿಯೇ ಕೋಪವನ್ನು ಮರೆಮಾಡಿತ್ತು. ಗಿರೀಂದ್ರಶೇಖರ ಬೋಸರು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಪ್ರತಿಯೊಂದು ಇಚ್ಛೆಯೂ ತನಗೆ ವಿರುದ್ಧವಾದ ಇಚ್ಛೆಯೊಂದನ್ನು ಬೆನ್ನಿಗೆ ಕಟ್ಟಿಕೊಂಡೇ ಹುಟ್ಟುತ್ತದೆಯೆಂದು ವಾದಿಸಿದರು. ಹೊಡೆಯಬೇಕೆಂಬವನೊಳಗೆ ಹೊಡೆಸಿಕೊಳ್ಳಬೇಕೆಂಬವನೂ ಇದ್ದಾನೆ. ಎತ್ತಿದ ಕೈಯೂ ಬಿದ್ದ ಕೈಯೂ ಒಂದೇ ಕೈ.

ಹಾಗಾದರೆ ಮೊದಲ ಪ್ರಶ್ನೆಗೆ ಬರೋಣ: ಹೀಗೆ ತನಗೇ ಕಾಣದೆ ಉಳಿದ ತಪ್ಪಿಗೆ ಮನುಷ್ಯನು ಹೊಣೆಯೆ? ಜನ್ಮಾಂತರವನ್ನು ನಂಬುವ ನಮಗೆ ಈ ಪ್ರಶ್ನೆ ಹೊಸದಲ್ಲ. ನೆನಪೇ ಇಲ್ಲದ ಪೂರ್ವಜನ್ಮದ ಕರ್ಮವನ್ನು ಉಣ್ಣಲು ನಾವು ತಲೆತಲಾಂತರದಿಂದ ಒಪ್ಪಿಕೊಂಡಿದ್ದೇವೆ. ಫ್ರಾಯ್ಡನು ಮಾಡಿದ್ದು, ಆ ದೂರದ ಜನ್ಮವನ್ನು ಇದೇ ಜನ್ಮದ ಬಾಲ್ಯಕ್ಕೂ ಇದೇ ಮನೆಯ ಜಗುಲಿಗೂ ಹತ್ತಿರ ತಂದದ್ದು. ದೂರದಲ್ಲಿದ್ದಾಗ ಕರ್ಮಕ್ಕೆ ಒಂದು ಸೌಕರ್ಯವಿತ್ತು: ‘ಏನು ಪಾಪ ಮಾಡಿದ್ದೆನೋ’ ಎಂದು ನಿಟ್ಟುಸಿರಿಟ್ಟರೆ ಸಾಕಾಗಿತ್ತು. ಹತ್ತಿರ ಬಂದಾಗ ಅದಕ್ಕೆ ತಾರೀಖು ಬರುತ್ತದೆ, ಸಾಕ್ಷಿ ಬರುತ್ತದೆ, ತಾಯಿಯ ಹಿಡಿತದ ಬಿಸಿ ಬರುತ್ತದೆ. ಇಂತಹದನ್ನು ಯಾರು ತಾನೇ ಇಷ್ಟಪಟ್ಟು ನೋಡುವರು? ಸಕಲೇಶಪುರದ ನೆತ್ತಿಯ ಮೇಲೆ ಟಿಪ್ಪು ಸುಲ್ತಾನನು 1792ರಲ್ಲಿ ಕಟ್ಟಿಸಿದ ಮಂಜರಾಬಾದಿನ ಕೋಟೆ ನಕ್ಷತ್ರದಾಕಾರದ್ದು. ಗೋಡೆಯ ಬುಡದಲ್ಲಿ ಯಾವ ಮೂಲೆಯೂ ಕಾವಲಿನವನ ಕಣ್ಣಿಗೆ ಮರೆಯಾಗಬಾರದೆಂದು ಎಂಟು ಕೋನಗಳನ್ನು ಚಾಚಿರುವ ಆ ಕೋಟೆಯನ್ನು ಮಂಜು ನುಂಗಿದಾಗ ಕಾವಲಿನವನಿಗೆ ತನ್ನ ಕೈಯೇ ಕಾಣದು. ಮನಸ್ಸಿನ ಕೋಟೆಯೂ ಹಾಗೆಯೇ. ಆ ಗುರುವಾರದ ಮರುವಾರ ಭಾವನವರು ಬಸ್ಸು ತಪ್ಪಿಸಿಕೊಂಡರು. ಅದರ ಮರುವಾರ ತೋಟಕ್ಕೆ ಆನೆ ಬಂದಿದೆಯೆಂದು ಹೋಗಲಿಲ್ಲ. ಆನೆ ಬಂದದ್ದು ನಿಜವೇ. ಆದರೆ ನಮ್ಮ ಸೀಮೆಯಲ್ಲಿ ಆನೆ ಬಾರದ ವಾರ ಯಾವುದು?

ಮತ್ತೆ ಹೋದಾಗ ಅವರು ಕೇಳಿದ ಪ್ರಶ್ನೆ, ‘ನನಗೆ ಕ್ಷಮೆ ಉಂಟೇ?’ ವೈದ್ಯರು ಉತ್ತರಿಸಲಿಲ್ಲ. ಭಾವನವರಿಗೆ ರೇಗಿತು, ‘ಹೀಗೇ, ಹೀಗೇ ಕಲ್ಲಿನ ಹಾಗೆ ಕೂತಿರುತ್ತಿದ್ರಲ್ಲ ಅಪ್ಪಯ್ಯ’ ಎಂದು ಕೂಗಿಬಿಟ್ಟರು. ಹಳೆಯ ಸಂಬಂಧದ ಭಾವಗಳೆಲ್ಲ ಎದುರಿಗೆ ಕುಳಿತವನ ಮೇಲೆ ಹೋಗಿ ಮುತ್ತುವ ಈ ಘಟನೆಯನ್ನು ಭಾವವರ್ಗಾವಣೆಯೆಂದು ಕರೆಯುತ್ತಾರೆ. ಚಿಕಿತ್ಸೆಯ ಮುಕ್ಕಾಲು ಪಾಲು ನಡೆಯುವುದು ಅದರೊಳಗೆಯೇ ಹೊರತು ಹಳೆಯದನ್ನು ಕೆದಕುವುದರಲ್ಲಿ ಅಲ್ಲ. ಸತ್ತ ತಂದೆಯೊಡನೆ ಆಡಲಾಗದ ಜಗಳವನ್ನು ಬದುಕಿರುವ ಒಬ್ಬನೊಡನೆ, ಅವನು ತಿರುಗಿ ಬಯ್ಯದೆ, ಎದ್ದೂ ಹೋಗದೆ, ಸಾಯದೆ ಇರುವಾಗ, ಪೂರ್ತಿಯಾಗಿ ಆಡಿ ಮುಗಿಸುವುದು ಸಾಧ್ಯವಾಗುತ್ತದೆ. ವೈದ್ಯರು ಕ್ಷಮಿಸಲಿಲ್ಲವೇಕೆಂದು ನಾನು ಬಹಳ ದಿನ ಯೋಚಿಸಿದ್ದೇನೆ. ಅದನ್ನು ನಿಷ್ಠುರತೆಯೆನ್ನುವವರುಂಟು. ನನ್ನ ಎಣಿಕೆಯಲ್ಲಿ ಅದು ಗೌರವ. ಸಾಲವನ್ನು ಮನ್ನಾ ಮಾಡುವ ಅಧಿಕಾರ ಸಾಲ ಕೊಟ್ಟವನಿಗೆ ಮಾತ್ರ ಉಂಟು. ದೇವರಿಗೂ ಉಂಟೆನ್ನೋಣ, ಎಲ್ಲ ಸಾಲಗಳೂ ಕಡೆಗೆ ಅವನವೇ ಆದ್ದರಿಂದ. ಹಾಸನದ ಒಬ್ಬ ಗೃಹಸ್ಥನು ಐವತ್ತು ನಿಮಿಷಕ್ಕೆ ಫೀಸು ತೆಗೆದುಕೊಂಡು ಆ ಅಧಿಕಾರವನ್ನು ಕೈಗೆತ್ತಿಕೊಂಡಿದ್ದರೆ ಅದು ಕಳ್ಳತನವಾಗುತ್ತಿತ್ತು.

ದೇವರು ಮೈದುಂಬುವ ಮುದುಕನಿಗೂ ಈ ವೈದ್ಯರಿಗೂ ಇರುವ ಅಂತರವೂ ಇಲ್ಲಿಯೇ ಇದೆ. ನಿಮ್ಹಾನ್ಸಿನಲ್ಲಿ ಪ್ರಾಧ್ಯಾಪಕರಾಗಿದ್ದ ಆರ್. ಎಲ್. ಕಪೂರರು ಜಿ. ಎಂ. ಕಾರ್ಸ್ಟೇರ್ಸ್ ಎಂಬ ವಿದ್ವಾಂಸರೊಡನೆ ಕುಂದಾಪುರದ ಬಳಿಯ ಕೋಟ ಗ್ರಾಮದಲ್ಲಿ ನಡೆಸಿದ ಅಧ್ಯಯನವು 1976ರಲ್ಲಿ ಪುಸ್ತಕವಾಗಿ ಬಂದಿತು. ನಾಟಿ ವೈದ್ಯ, ಮಂತ್ರವಾದಿ, ದೇವರು ಮೈದುಂಬುವ ಪಾತ್ರಿ ಎಂಬ ಮೂರು ಬಗೆಯ ಚಿಕಿತ್ಸಕರನ್ನು ಅವರು ಅಲ್ಲಿ ಕಂಡರು. ಜನರು ಅವರಲ್ಲಿಗೂ ಆಧುನಿಕ ವೈದ್ಯನಲ್ಲಿಗೂ ಯಾವ ಸಂಕೋಚವೂ ಇಲ್ಲದೆ ಹೋಗಿಬರುತ್ತಿದ್ದರು. ಮನೋವಿಶ್ಲೇಷಕರಾದ ಸುಧೀರ್ ಕಾಕರ್ ಅವರು 1982ರ ತಮ್ಮ ಗ್ರಂಥದಲ್ಲಿ ರಾಜಸ್ಥಾನದ ಬಾಲಾಜಿ ಗುಡಿಯೊಂದನ್ನು ವರ್ಣಿಸಿ, ರೋಗಿಯೊಳಗಿನ ಭೂತವು ದೇವರ ಮುಂದೆ ಹಾಜರಾಗಿ ತಪ್ಪೊಪ್ಪಿಕೊಳ್ಳುವ ಬಗೆಯನ್ನು ತೋರಿಸಿದ್ದಾರೆ. ಇವೆಲ್ಲ ಮೋಸವೆಂದು ನಾನು ತಿಳಿದಿಲ್ಲ. ಮನೆಯಲ್ಲಿ ಸೊಸೆಯಾಗಿ ಆಡಲಾಗದ ಮಾತನ್ನು ದೇವತೆಯಾಗಿ ಆಡಲು ಅಲ್ಲಿ ಒಂದು ಎಡೆಯುಂಟು. ಕೇಳಿದ ಅತ್ತೆಯೂ ಕೈಮುಗಿಯುತ್ತಾಳೆ, ಮನೆಯ ನಡವಳಿಕೆ ಅಷ್ಟರಮಟ್ಟಿಗೆ ಬದಲಾಗುವುದೂ ಉಂಟು. ಆದರೆ ಮೈ ಇಳಿದ ಮೇಲೆ, ಆಡಿದವಳಿಗೆ ತಾನು ಏನು ಆಡಿದೆನೆಂಬುದು ತಿಳಿಯದು. ಊರೆಲ್ಲ ಕೇಳಿದ್ದನ್ನು ಅವಳೊಬ್ಬಳು ಕೇಳಿರುವುದಿಲ್ಲ. ವೈದ್ಯರ ಕೋಣೆಯಲ್ಲಿ ಇದು ತಿರುಗುಮುರುಗು: ಅಲ್ಲಿ ಊರಿಲ್ಲ, ಆಡಿದವನೇ ಕೇಳಬೇಕಾದವನು. ಒಂದು ಹಕ್ಕಿ ಹಣ್ಣನ್ನು ತಿನ್ನುತ್ತದೆ, ಇನ್ನೊಂದು ತಿನ್ನದೆ ನೋಡುತ್ತದೆಯೆಂದು ಉಪನಿಷತ್ತು ಚಿತ್ರಿಸಿದ ಜೋಡಿಯಲ್ಲಿ, ನೋಡುವ ಹಕ್ಕಿಯ ಸ್ಥಾನದಲ್ಲಿ ವೈದ್ಯನು ಕೆಲವು ಕಾಲ ಕುಳಿತಿರುತ್ತಾನೆ. ತಿನ್ನುತ್ತಿರುವವನಿಗೆ ತಾನೇ ನೋಡುವುದು ಅಭ್ಯಾಸವಾದೊಡನೆ ಅವನು ಎದ್ದು ಹೋಗತಕ್ಕವನು. ಉಪನಿಷತ್ತು ವಾಗ್ದಾನ ಮಾಡುವ ಶೋಕಮುಕ್ತಿಯನ್ನು ಫ್ರಾಯ್ಡನು ವಾಗ್ದಾನ ಮಾಡಲಿಲ್ಲ. ರೋಗದ ದುಃಖವು ಎಲ್ಲರಿಗೂ ಇರುವ ದುಃಖವಾದರೆ ಸಾಕೆಂದನು. ಮೊದಮೊದಲು ಇದು ನನಗೆ ಜಿಪುಣತನವಾಗಿ ಕಂಡಿತ್ತು.

ಈ ಚಿಕಿತ್ಸೆಯನ್ನು ಸರ್ವರೋಗನಿವಾರಿಣಿಯೆಂದು ಯಾರೂ ತಿಳಿಯಬಾರದು. ಸ್ಕಿಜೋಫ್ರೀನಿಯಾದಂತಹ ರೋಗದಲ್ಲಿ ಇಲ್ಲದ ದನಿಗಳು ಕೇಳಿಸುತ್ತಿರುವವನಿಗೂ, ಉನ್ಮಾದದ ತುದಿಯಲ್ಲಿ ನಿದ್ದೆಗೆಟ್ಟವನಿಗೂ ಮೊದಲು ಬೇಕಾದದ್ದು ಔಷಧಿ. ಅವರನ್ನು ಕುರ್ಚಿಯಲ್ಲಿ ಕೂರಿಸಿ ಬಾಲ್ಯವನ್ನು ಕೆದಕುವುದು ಅಪಾಯಕರ. ಕೈ ಏಳದವನಿಗೂ ವ್ಯಾಯಾಮದ ಚಿಕಿತ್ಸೆ ಬೇಕು, ಭಾವನವರಿಗೂ ಅದನ್ನು ಮಾಡಿಸಿದರು. ಇದಕ್ಕಿಂತ ದೊಡ್ಡ ಅಡ್ಡಿ ಕಾಲದ್ದು. 1980ರ ದಶಕದಲ್ಲಿ ಬಳ್ಳಾರಿ ಜಿಲ್ಲೆಯಲ್ಲಿ ನಿಮ್ಹಾನ್ಸಿನವರು ನಡೆಸಿದ ಪ್ರಯೋಗದಿಂದ ಬೆಳೆದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮವು 1996ರಿಂದ ದೇಶಕ್ಕೆಲ್ಲ ಮಾದರಿಯಾಯಿತು. ಈಚಿನ ವರ್ಷಗಳಲ್ಲಿ ‘ಮನೋಚೈತನ್ಯ’ವೆಂಬ ಹೆಸರಿನಲ್ಲಿ ಮಂಗಳವಾರದಂದು ತಾಲ್ಲೂಕು ಆಸ್ಪತ್ರೆಗಳಿಗೆ ಮನೋವೈದ್ಯರು ಬರುವ ಏರ್ಪಾಡನ್ನು ನಮ್ಮ ಸರ್ಕಾರ ಮಾಡಿದೆ. ಒಳ್ಳೆಯದು, ಬೇಕಾದದ್ದು. ಆದರೆ ಸಾಲಿನಲ್ಲಿ ಹೊರಗೆ ಜನ ನಿಂತಿರುವಾಗ ಒಬ್ಬನಿಗೆ ಐವತ್ತು ನಿಮಿಷವನ್ನು ಯಾವ ವೈದ್ಯನು ಕೊಡಬಲ್ಲ? ಹೂ ಕೇಳುವಾಗ ಬಲಗಡೆಗೆ ಬೀಳುವವರೆಗೆ ಕಾಯುವ ನಮ್ಮ ಜನರಿಗೆ ಕಾಯುವುದು ಗೊತ್ತು. ಅವರಿಗಾಗಿ ಕಾಯಬಲ್ಲ ಆಸ್ಪತ್ರೆ ನಮ್ಮಲ್ಲಿಲ್ಲ. ಭಾವನವರಿಗೆ ತೋಟವಿತ್ತು, ಬಸ್ಸಿಗೂ ಫೀಸಿಗೂ ಹಣವಿತ್ತು. ಮಗನ ಮೇಲೆ ಕೈ ಎತ್ತಿದ ಲೈನ್ ಮನೆಯ ಆಳಿಗೆ ಅದಾವುದೂ ಇರಲಿಲ್ಲ. ಅವನ ಕೈಗೆ ಏನಾಗಿದೆಯೆಂದು ಯಾರೂ ಕೇಳಿಲ್ಲ.

ಒಂದೂವರೆ ವರ್ಷದ ಮೇಲೆ, ವೈದ್ಯರಲ್ಲಿಗೆ ಹೋಗುವುದು ನಿಂತ ಮರುತಿಂಗಳು, ಭಾವನವರು ತಮ್ಮನನ್ನೂ ಅಕ್ಕನನ್ನೂ ಕರೆದುಕೊಂಡು ಕೆಂಚಮ್ಮನ ಗುಡಿಗೆ ಹೋದರು. ಹಣ್ಣುಕಾಯಿಯ ತಟ್ಟೆ ಹಿಡಿದು, ‘ಗೊತ್ತಿದ್ದೋ ಗೊತ್ತಿಲ್ದೆನೋ’ ಎನ್ನಲಿಲ್ಲವಂತೆ. ‘ಅಪ್ಪಯ್ಯನ ಮೇಲೆ ಕೈ ಎತ್ತಿದ್ದೆ ತಾಯಿ, ಹೊಟ್ಟೆಗೆ ಹಾಕ್ಕೋ’ ಎಂದು ಪಕ್ಕದಲ್ಲಿದ್ದ ತಮ್ಮನಿಗೆ ಕೇಳುವಂತೆ ಹೇಳಿ, ನೂರಾ ಒಂದು ರೂಪಾಯಿಯನ್ನು ತಪ್ಪು ಕಾಣಿಕೆಯಾಗಿ ಹಾಕಿದರಂತೆ. ಚಿಕಿತ್ಸೆ ಮುಗಿದ ಮೇಲೆ ಇದೇಕೆ ಭಾವ ಎಂದು ನಾನು ಕೇಳಿದೆನು. ‘ಡಾಕ್ಟರಿಗೆ ಫೀಸು ಕೊಟ್ಟೆ, ಅಮ್ಮನಿಗೆ ಕಾಣಿಕೆ ಬೇಡವೇನೋ?’ ಎಂದರು. ಕೈ ಈಗ ಸರಿಯಾಗಿದೆ. ಮಳೆಗಾಲದಲ್ಲಿ ಒಮ್ಮೊಮ್ಮೆ ಮರಗಟ್ಟುವುದುಂಟು. ಗದ್ದೆಯ ಪಾಲು ಮಾತ್ರ ಇನ್ನೂ ಆಗಿಲ್ಲ. ಪಹಣಿ ಇಂದಿಗೂ ಅವರ ತಂದೆಯ ಹೆಸರಿನಲ್ಲಿಯೇ ಇದೆ.